ಮುಂಬೈಯಲ್ಲಿ ಛಾಯಾಗ್ರಾಹಕರಾಗಲು ಹೊರಟವರಿಗೆ: ಕಲಿಕೆಯಿಂದ ಮೊದಲ ಸ್ವತಂತ್ರ ಕೆಲಸದವರೆಗೆ

ಮುಂಬೈ, ಪುಣೆಗಳ ಕನ್ನಡ ಮನೆಗಳಲ್ಲಿ ಮಗನೋ ಮಗಳೋ ಸಿನಿಮಾ ಛಾಯಾಗ್ರಹಣ ಕಲಿಯುತ್ತೇನೆಂದು ಹೇಳಿದಾಗ ಹಿರಿಯರು ಕೇಳುವ ಮೊದಲ ಪ್ರಶ್ನೆ ಸಾಮಾನ್ಯವಾಗಿ ಒಂದೇ: ಯಾವ ಕ್ಯಾಮೆರಾ ಕೊಡಿಸಬೇಕು, ಅದಕ್ಕೆ ಎಷ್ಟಾಗುತ್ತದೆ? ಪ್ರಶ್ನೆಯ ಹಿಂದೆ ಅಕ್ಕರೆ ಇದೆ, ಆದರೆ ದುಡ್ಡು ಹೋಗಬೇಕಾದ ಜಾಗ ಅದಲ್ಲ. ಅಂಧೇರಿ, ಗೋರೆಗಾಂವ್ ಸುತ್ತಮುತ್ತ ದಿನಬಾಡಿಗೆಗೆ ಸಿಗದ ಕ್ಯಾಮೆರಾ ಇಲ್ಲ. ನಿರ್ಮಾಪಕರು ಬೇಕಾದುದನ್ನು ಬಾಡಿಗೆಗೆ ತರಿಸುತ್ತಾರೆ, ಕೆಲಸ ಮುಗಿದ ಮೇಲೆ ಹಿಂದಿರುಗಿಸುತ್ತಾರೆ. ಸಾಲ ಮಾಡಿ ಕೊಂಡ ಕ್ಯಾಮೆರಾ ನಾಲ್ಕೈದು ವರ್ಷಗಳಲ್ಲಿ ಹಳತಾಗುತ್ತದೆ, ಕಂತು ಮಾತ್ರ ಹಳತಾಗುವುದಿಲ್ಲ. ಬಾಡಿಗೆಗೆ ಸಿಗದಿರುವುದು ಎರಡೇ: ಬೆಳಕನ್ನು ಓದಬಲ್ಲ ಕಣ್ಣು, ಮತ್ತು ಒಮ್ಮೆ ಜೊತೆಗೆ ಕೆಲಸ ಮಾಡಿದವರು ಮತ್ತೆ ಕರೆಯಬೇಕೆನ್ನಿಸುವಂತಹ ನಡವಳಿಕೆ. ಈ ಲೇಖನದ ಹಂತಗಳೆಲ್ಲ ಈ ಎರಡನ್ನು ಗಳಿಸುವ ಕ್ರಮದಲ್ಲಿಯೇ ಜೋಡಿಸಲ್ಪಟ್ಟಿವೆ.

ಮೊದಲ ಹಂತ: ಕೆಲಸವೇನೆಂದು ತಿಳಿದುಕೊಳ್ಳುವುದು

ಛಾಯಾಗ್ರಾಹಕ ಎಂದರೆ ಕ್ಯಾಮೆರಾದ ಹಿಂದೆ ನಿಂತು ಗುಂಡಿ ಒತ್ತುವವನೆಂಬ ಭಾವನೆ ಇನ್ನೂ ಉಳಿದಿದೆ. ದೊಡ್ಡ ಚಿತ್ರಗಳಲ್ಲಿ ಎಷ್ಟೋ ಸಲ ಕ್ಯಾಮೆರಾವನ್ನು ನಡೆಸುವವರು ಬೇರೆಯೇ ಇರುತ್ತಾರೆ. ಮುಂಬೈಯಲ್ಲಿ ಎಲ್ಲರೂ ಡಿಒಪಿ (ಡೈರೆಕ್ಟರ್ ಆಫ್ ಫೋಟೋಗ್ರಫಿ) ಎಂದು ಕರೆಯುವ ವ್ಯಕ್ತಿಯ ಕೆಲಸ ಚಿತ್ರಕಥೆಯನ್ನು ಓದುವುದರಿಂದ ಶುರುವಾಗಿ, ನಿರ್ದೇಶಕರೊಂದಿಗೆ ಮಾತುಕತೆ, ರೆಕ್ಕಿ (ಚಿತ್ರೀಕರಣದ ಜಾಗವನ್ನು ಮೊದಲೇ ನೋಡಿಬರುವುದು), ಕಲಾ ವಿಭಾಗದೊಂದಿಗೆ ಗೋಡೆಯ ಬಣ್ಣ ಹಾಗೂ ಕಿಟಕಿಗಳ ಜಾಗದ ಚರ್ಚೆ, ಲೆನ್ಸ್ ಮತ್ತು ದೀಪಗಳ ಪಟ್ಟಿ, ಚಿತ್ರೀಕರಣ ಇವೆಲ್ಲವನ್ನೂ ದಾಟಿ, ಕೊನೆಗೆ ಡಿಐ (ಡಿಜಿಟಲ್ ಇಂಟರ್‌ಮೀಡಿಯೆಟ್) ಕೋಣೆಯಲ್ಲಿ ಕಲರಿಸ್ಟ್ ಪಕ್ಕ ಕುಳಿತು ಬಣ್ಣ ಹೊಂದಿಸುವವರೆಗೂ ಸಾಗುತ್ತದೆ. ಇದರ ನಡುವೆ ಕ್ಯಾಮೆರಾ ಮತ್ತು ಲೈಟಿಂಗ್ ವಿಭಾಗಗಳ ಮುಖ್ಯಸ್ಥನಾಗಿ ಹತ್ತಾರು ಜನರ ಸಮಯಕ್ಕೆ ಆತ ಹೊಣೆಗಾರ. ಜನರೊಂದಿಗೆ ವ್ಯವಹರಿಸುವುದೇ ಬೇಡ, ಚಿತ್ರ ಮಾತ್ರ ತೆಗೆಯಬೇಕು ಎನ್ನುವವರಿಗೆ ಸ್ಥಿರಛಾಯಾಗ್ರಹಣ ಹೆಚ್ಚು ಒಗ್ಗುವ ದಾರಿ.

ಇದೇ ಹೆಸರಿನ ಕೆಲಸ ಜಾಹೀರಾತಿನಲ್ಲಿ ಒಂದು ರೂಪದಲ್ಲಿದ್ದರೆ, ಸಾಕ್ಷ್ಯಚಿತ್ರದಲ್ಲಿ ಇನ್ನೊಂದು, ದಿನನಿತ್ಯದ ಧಾರಾವಾಹಿಯಲ್ಲಿ ಮತ್ತೊಂದು. ಮೂರರಲ್ಲಿ ಯಾವುದು ನಿಮ್ಮದೆಂದು ಈಗಲೇ ತೀರ್ಮಾನಿಸಬೇಕಿಲ್ಲ.

ಎರಡನೆಯ ಹಂತ: ಎಲ್ಲಿ ಕಲಿಯುವುದು

ಪುಣೆಯ ಲಾ ಕಾಲೇಜು ರಸ್ತೆಯಲ್ಲಿ, ಹಿಂದಿನ ಪ್ರಭಾತ್ ಸ್ಟುಡಿಯೋದ ಆವರಣದಲ್ಲಿ 1960ರಲ್ಲಿ ಆರಂಭವಾದ ಫಿಲ್ಮ್ ಇನ್‌ಸ್ಟಿಟ್ಯೂಟ್, ಅಂದರೆ ಇಂದಿನ ಎಫ್‌ಟಿಐಐ (ಫಿಲ್ಮ್ ಆ್ಯಂಡ್ ಟೆಲಿವಿಷನ್ ಇನ್‌ಸ್ಟಿಟ್ಯೂಟ್ ಆಫ್ ಇಂಡಿಯಾ), ಈ ದಾರಿಯ ಹೆಸರಾಂತ ಬಾಗಿಲು. ಸಂತೋಷ್ ಶಿವನ್, ಅನಿಲ್ ಮೆಹ್ತಾ, ಕೆ.ಯು. ಮೋಹನನ್ ಎಲ್ಲರೂ ಅಲ್ಲಿ ಕಲಿತವರೇ. ಅಲ್ಲಿನ ಚಲನಚಿತ್ರ ವಿಭಾಗದಲ್ಲಿ ಛಾಯಾಗ್ರಹಣಕ್ಕೆ ಮೂರು ವರ್ಷಗಳ ಸ್ನಾತಕೋತ್ತರ ಶಿಕ್ಷಣವಿದ್ದರೆ, ಟೆಲಿವಿಷನ್ ವಿಭಾಗದಲ್ಲಿ ಎಲೆಕ್ಟ್ರಾನಿಕ್ ಸಿನೆಮಟೋಗ್ರಫಿಗೆ ಒಂದು ವರ್ಷದ ಶಿಕ್ಷಣವಿದೆ. ಎರಡಕ್ಕೂ ಯಾವುದಾದರೂ ವಿಷಯದಲ್ಲಿ ಪದವಿ ಮುಗಿದಿರಬೇಕು, ಲಿಖಿತ ಪ್ರವೇಶ ಪರೀಕ್ಷೆ ಹಾಗೂ ಅದರ ಮುಂದಿನ ಸಂದರ್ಶನದ ಹಂತವನ್ನು ದಾಟಬೇಕು. ಸೀಟುಗಳು ಬೆರಳೆಣಿಕೆಯಷ್ಟಾದ್ದರಿಂದ ಒಂದೇ ಪ್ರಯತ್ನದಲ್ಲಿ ಸಿಗದಿದ್ದರೆ ಅದನ್ನು ಅಪಜಯವೆಂದು ಎಣಿಸಬಾರದು. ಎರಡು ಮೂರು ಸಲ ಬರೆದು ಒಳಬಂದವರು ಅಲ್ಲಿ ಸಾಮಾನ್ಯ. ವರ್ಣಾಂಧತೆಯ ಕಾರಣಕ್ಕೆ ಅರ್ಜಿ ಹಾಕಲು ಹಿಂಜರಿಯುತ್ತಿರುವವರು ಒಂದು ವಿಷಯ ತಿಳಿದಿರಲಿ: ಆ ಕಾರಣಕ್ಕಾಗಿ ಅಭ್ಯರ್ಥಿಗಳನ್ನು ಹೊರಗಿಡಬಾರದೆಂದು ಸುಪ್ರೀಂ ಕೋರ್ಟು 2022ರಲ್ಲಿ ಈ ಸಂಸ್ಥೆಗೆ ನಿರ್ದೇಶನ ನೀಡಿದೆ.

ಮೂರು ವರ್ಷಗಳ ಶಿಕ್ಷಣವೋ ಒಂದು ವರ್ಷದ್ದೋ ಎಂಬ ಪ್ರಶ್ನೆಗೆ ನನ್ನ ಉತ್ತರ ಮನೆಯ ಪರಿಸ್ಥಿತಿಯನ್ನು ಅವಲಂಬಿಸಿದೆ. ತಂದೆ ನಿವೃತ್ತಿಯ ಅಂಚಿನಲ್ಲಿದ್ದು ಬೇಗ ದುಡಿಯಬೇಕಾದ ಸ್ಥಿತಿಯಿದ್ದರೆ ಒಂದು ವರ್ಷದ ಟೆಲಿವಿಷನ್ ಶಿಕ್ಷಣ ಯಾವ ರೀತಿಯಲ್ಲೂ ಕೀಳಲ್ಲ. ಕಾಲಾವಕಾಶ ಇದ್ದವರು ಮೂರು ವರ್ಷಗಳ ದಾರಿ ಹಿಡಿಯಲಿ, ಏಕೆಂದರೆ ಅಲ್ಲಿ ಪಾಠಕ್ಕಿಂತ ಹೆಚ್ಚು ಬೆಲೆಬಾಳುವುದು ಜೊತೆಗೆ ಓದಿದ ನಿರ್ದೇಶಕರು, ಸಂಕಲನಕಾರರು, ಧ್ವನಿ ತಂತ್ರಜ್ಞರು. ಮುಂದಿನ ಹತ್ತು ವರ್ಷಗಳ ಕೆಲಸ ಬಹುತೇಕ ಅವರ ಕಡೆಯಿಂದಲೇ ಬರುತ್ತದೆ. ಅದೇ ರಸ್ತೆಯಲ್ಲಿ 1964ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವಿದೆ. ಸಂಸ್ಥೆಗೆ ಸೇರದವರೂ ಅಲ್ಲಿನ ಗ್ರಂಥಾಲಯ, ಪ್ರದರ್ಶನ ಹಾಗೂ ಚಲನಚಿತ್ರ ರಸಗ್ರಹಣ ಶಿಬಿರದ ಪ್ರಯೋಜನ ಪಡೆಯಬಹುದು. ಹಳೆಯ ಕಪ್ಪುಬಿಳುಪು ಚಿತ್ರಗಳನ್ನು ದೊಡ್ಡ ಪರದೆಯ ಮೇಲೆ ನೋಡುವುದಕ್ಕೆ ಫೋನಿನಲ್ಲಿ ನೋಡುವುದು ಸಾಟಿಯಲ್ಲ. ಎರಂಡವಣೆ ಗಣೇಶನಗರದ ಕನ್ನಡ ಶಾಲೆಯಲ್ಲಿ ಓದಿದ ಮಕ್ಕಳಿಗಂತೂ ಇವೆಲ್ಲ ಓಣಿಯಾಚೆಯ ಸಂಗತಿಗಳು. ಆದರೂ ಒಳಗೆ ಕಾಲಿಟ್ಟವರು ಕಡಿಮೆ.

ಮುಂಬೈಯಲ್ಲಿ ಫಿಲ್ಮ್‌ಸಿಟಿಯೊಳಗಿನ ವಿಸ್ಲಿಂಗ್ ವುಡ್ಸ್‌ನಂತಹ ಖಾಸಗಿ ಸಂಸ್ಥೆಗಳಿವೆ. ಶುಲ್ಕ ಭಾರಿಯಾದ್ದರಿಂದ ಸೇರುವ ಮೊದಲು ಹಿಂದಿನ ಎರಡು ತಂಡಗಳ ವಿದ್ಯಾರ್ಥಿಗಳು ಈಗ ಎಲ್ಲಿದ್ದಾರೆಂದು ವಿಚಾರಿಸಿ, ಸಾಧ್ಯವಾದರೆ ಇಬ್ಬರನ್ನು ಭೇಟಿಯಾಗಿ. ಹತ್ತನೆಯ ಅಥವಾ ಹನ್ನೆರಡನೆಯ ತರಗತಿಯ ನಂತರ ಊರಿನಲ್ಲಿಯೇ ಕಲಿಯುವ ಮನಸ್ಸಿದ್ದವರು ಬೆಂಗಳೂರು ಹೆಸರಘಟ್ಟದ ಸರ್ಕಾರಿ ಫಿಲ್ಮ್ ಮತ್ತು ಟೆಲಿವಿಷನ್ ಸಂಸ್ಥೆಯ ಡಿಪ್ಲೊಮಾವನ್ನು ಗಮನಿಸಬಹುದು. ಈ ಬಗೆಯ ಪಾಲಿಟೆಕ್ನಿಕ್ ಶಿಕ್ಷಣವನ್ನು ಹಗುರವಾಗಿ ಕಾಣುವವರಿಗೆ ಒಂದು ಉದಾಹರಣೆ ಸಾಕು. ಮೈಸೂರಿನ ವಿ.ಕೆ. ಮೂರ್ತಿಯವರು ಬೆಂಗಳೂರಿನ ಎಸ್.ಜೆ. ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ಮುಂಬೈಗೆ ಬಂದವರು. 1951ರಲ್ಲಿ ತೆರೆಕಂಡ ‘ಬಾಜಿ’ ಚಿತ್ರದಲ್ಲಿ ಅವರಿನ್ನೂ ಸಹಾಯಕರು. ಅಲ್ಲಿ ಅವರು ಸೂಚಿಸಿ ತೆಗೆದುಕೊಟ್ಟ ಒಂದು ಕಠಿಣ ಶಾಟ್ ನಿರ್ದೇಶಕ ಗುರುದತ್ ಅವರಿಗೆ ಹಿಡಿಸಿತು, ಮುಂದಿನ ‘ಜಾಲ್’ ಚಿತ್ರಕ್ಕೆ ಮೂರ್ತಿಯವರೇ ಛಾಯಾಗ್ರಾಹಕರಾದರು. 1959ರಲ್ಲಿ ಭಾರತದ ಮೊದಲ ಸಿನೆಮಾಸ್ಕೋಪ್ (ಅಗಲ ಪರದೆಯ) ಚಿತ್ರ ‘ಕಾಗಜ್ ಕೇ ಫೂಲ್’ ಅವರ ಕ್ಯಾಮೆರಾದಿಂದಲೇ ಬಂತು. ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕರೂ ಅವರೇ. ‘ಕಾಗಜ್ ಕೇ ಫೂಲ್’ ಚಿತ್ರದ ಪ್ರಸಿದ್ಧ ಬೆಳಕಿನ ಕೋಲು ದೊಡ್ಡ ದೀಪದಿಂದ ಹುಟ್ಟಿದ್ದಲ್ಲ, ಹೊರಗಿನ ಬಿಸಿಲನ್ನು ಕನ್ನಡಿಗಳಿಂದ ಸ್ಟುಡಿಯೋದೊಳಗೆ ತಿರುಗಿಸಿದ್ದರಿಂದ ಹುಟ್ಟಿದ್ದು. ಸಲಕರಣೆಯ ಕೊರತೆಯನ್ನು ನೆಪವಾಗಿಸಿಕೊಳ್ಳುವ ಮೊದಲು ಇದನ್ನು ನೆನೆಯಬಹುದು.

ಮೂರನೆಯ ಹಂತ: ಪ್ರವೇಶ ಸಿಗುವ ಮೊದಲೇ ಆರಂಭಿಸಬೇಕಾದ ಅಭ್ಯಾಸ

ಕೈಯಲ್ಲಿರುವ ಫೋನು ಅಥವಾ ಯಾರೋ ಬಳಸಿಬಿಟ್ಟ ಡಿಎಸ್‌ಎಲ್‌ಆರ್ ಸಾಕು, ಆದರೆ ಶಟರ್ (ಬೆಳಕು ಒಳಬರುವ ಅವಧಿ), ಐಎಸ್‌ಒ (ಬೆಳಕಿಗೆ ಸ್ಪಂದಿಸುವ ಮಟ್ಟ), ವೈಟ್ ಬ್ಯಾಲೆನ್ಸ್ (ಬೆಳಕಿನ ಬಣ್ಣಕ್ಕೆ ತಕ್ಕ ಹೊಂದಾಣಿಕೆ) ಇವುಗಳನ್ನು ನೀವೇ ನಿಗದಿಪಡಿಸುವಂತಿರಬೇಕು. ಮನೆಯ ಒಂದೇ ಕಿಟಕಿಯ ಬಳಿ ಅಜ್ಜಿಯನ್ನೋ ತಮ್ಮನನ್ನೋ ಕೂರಿಸಿ, ಮುಖವನ್ನು ಕಿಟಕಿಗೆ ಎದುರಾಗಿ, ಪಕ್ಕಕ್ಕೆ, ಬೆನ್ನಾಗಿ ತಿರುಗಿಸುತ್ತಾ ಬೆಳಿಗ್ಗೆ, ನಡುಹಗಲು, ಸಂಜೆ ಚಿತ್ರಿಸಿ. ಬಳಿಕ ನೆರಳಿನ ಬದಿಗೆ ಬಿಳಿ ಥರ್ಮೋಕೋಲ್ ಹಲಗೆ ಹಿಡಿದು ನೋಡಿ, ಆಮೇಲೆ ಅದೇ ಜಾಗಕ್ಕೆ ಕಪ್ಪು ಬಟ್ಟೆ ಹಿಡಿದು ನೋಡಿ. ಬೆಳಕನ್ನು ಸೇರಿಸುವುದಕ್ಕಿಂತ ಕಳೆಯುವುದರಿಂದ ಮುಖಕ್ಕೆ ಹೇಗೆ ಆಕಾರ ಬರುತ್ತದೆಂಬುದು ಆಗ ಕಾಣುತ್ತದೆ. ಮುಂಬೈಯ ಸೆಟ್ಟುಗಳಲ್ಲಿ ಕಟರ್ ಎಂದು ಕರೆಯುವ ಕಪ್ಪು ತಡೆಗಳ ಕೆಲಸ ಇದೇ. ಒಂದು ಚಿಕ್ಕ ದೀಪವನ್ನು 1 ಮೀಟರ್ ದೂರದಿಂದ 2 ಮೀಟರಿಗೆ ಸರಿಸಿದರೆ ಮುಖದ ಮೇಲಿನ ಬೆಳಕು ಅರ್ಧಕ್ಕಲ್ಲ, ಕಾಲು ಭಾಗಕ್ಕೆ ಇಳಿಯುತ್ತದೆ, ಅಂದರೆ ಎರಡು ಸ್ಟಾಪ್ ಕಡಿಮೆಯಾಗುತ್ತದೆ (ಬೆಳಕು ಒಮ್ಮೆ ಅರ್ಧವಾದರೆ ಒಂದು ಸ್ಟಾಪ್). ಇದನ್ನು ಸೂತ್ರವಾಗಿ ಕಂಠಪಾಠ ಮಾಡುವ ಬದಲು ಕಣ್ಣಳತೆಗೆ ತಂದುಕೊಂಡರೆ ಸೆಟ್ಟಿನಲ್ಲಿ ದೀಪ ಎಲ್ಲಿಡಬೇಕೆಂಬ ಅರ್ಧ ಪ್ರಶ್ನೆ ಬಗೆಹರಿದಂತೆಯೇ.

ಅಡುಗೆಮನೆಯ ಹಳೆಯ ಟ್ಯೂಬ್‌ಲೈಟ್ ಮತ್ತೊಂದು ಪಾಠ ಕಲಿಸುತ್ತದೆ. ನಮ್ಮ ವಿದ್ಯುತ್ತು 50 ಹರ್ಟ್ಸ್‌ನದ್ದಾದ್ದರಿಂದ ಅಂತಹ ದೀಪ ಸೆಕೆಂಡಿಗೆ 100 ಸಲ ಏರಿಳಿಯುತ್ತದೆ. ಸೆಕೆಂಡಿಗೆ 25 ಫ್ರೇಮಿನಲ್ಲಿ, 180 ಡಿಗ್ರಿ ಶಟರಿನಲ್ಲಿ, ಅಂದರೆ ಶಟರ್ ಫ್ರೇಮಿನ ಅರ್ಧ ಅವಧಿ ಮಾತ್ರ ತೆರೆದಿರುವಾಗ, ಪ್ರತಿ ಫ್ರೇಮು 1/50 ಸೆಕೆಂಡು ತೆರೆದಿರುತ್ತದೆ, ಆ ಅವಧಿಯಲ್ಲಿ ದೀಪದ ಎರಡು ಪೂರ್ಣ ಏರಿಳಿತಗಳು ಕೂತುಕೊಳ್ಳುತ್ತವೆ, ಚಿತ್ರ ಮಿನುಗುವುದಿಲ್ಲ. ಸಿನಿಮಾದ 24 ಫ್ರೇಮಿಗೆ ಹೋದೊಡನೆ ಅದೇ 180 ಡಿಗ್ರಿ 1/48 ಸೆಕೆಂಡಾಗಿ ಲೆಕ್ಕ ತಪ್ಪುತ್ತದೆ. ಆಗ ಶಟರನ್ನು 172.8 ಡಿಗ್ರಿಗೆ ಇಳಿಸಿದರೆ ಮತ್ತೆ 1/50ಕ್ಕೆ ಬರುತ್ತದೆ. ಆಸ್ಪತ್ರೆ, ಕಚೇರಿ, ಲೋಕಲ್ ರೈಲಿನ ಪ್ಲಾಟ್‌ಫಾರ್ಮುಗಳಲ್ಲಿ ಚಿತ್ರೀಕರಿಸುವ ಮೊದಲು ಇದನ್ನು ಪರೀಕ್ಷಿಸದೆ ಮುಂದುವರಿಯುವ ಅಭ್ಯಾಸ ಬೇಡ. ಅಗ್ಗದ ಎಲ್‌ಇಡಿ ದೀಪಗಳು ಈ ಲೆಕ್ಕಕ್ಕೂ ಸಿಗದೆ ಮಿನುಗುವುದುಂಟು, ಅವುಗಳನ್ನು ಕಣ್ಣಿನಿಂದಲ್ಲ, ಕ್ಯಾಮೆರಾದಲ್ಲಿ ರೆಕಾರ್ಡ್ ಮಾಡಿಯೇ ಪರೀಕ್ಷಿಸಬೇಕು.

ಮುಂಬೈಯ ಕನ್ನಡಿಗರಿಗೆ ಒಂದು ವಿಶೇಷ ಅನುಕೂಲವಿದೆ, ಅದನ್ನು ಬಳಸಿಕೊಂಡವರನ್ನು ನಾನು ಹೆಚ್ಚು ಕಂಡಿಲ್ಲ. ಮಳೆಗಾಲದಲ್ಲಿ ಊರಿನ ಯಕ್ಷಗಾನ ಕಲಾವಿದರ ತಂಡಗಳು ಇಲ್ಲಿಗೆ ಬರುತ್ತವೆ, ವರ್ಷವಿಡೀ ಸಂಘಗಳ ಸಭಾಗೃಹಗಳಲ್ಲಿ ಕನ್ನಡ, ತುಳು ನಾಟಕಗಳು ನಡೆಯುತ್ತವೆ. ಸಂಘಟಕರ ಮತ್ತು ಕಲಾವಿದರ ಒಪ್ಪಿಗೆ ಪಡೆದು ಒಂದು ಪ್ರಸಂಗವನ್ನು ಪೂರ್ತಿ ಚಿತ್ರೀಕರಿಸಿ. ಕಿರೀಟದ ಕನ್ನಡಿ ಚೂರುಗಳು ದೀಪ ಬಿದ್ದೊಡನೆ ಫ್ರೇಮಿನಲ್ಲಿ ಬೆಳ್ಳಗೆ ಸುಟ್ಟುಹೋಗುತ್ತವೆ. ಅವಕ್ಕಾಗಿ ಎಕ್ಸ್‌ಪೋಷರ್ ಇಳಿಸಿದರೆ ಬಣ್ಣ ಹಚ್ಚಿದ ಮುಖದ ಕಣ್ಣುಗಳು ಕತ್ತಲಿಗೆ ಜಾರುತ್ತವೆ. ವೇದಿಕೆಯ ಕೆಂಪು ಎಲ್‌ಇಡಿ ಹೊತ್ತಿದಾಗ ಕ್ಯಾಮೆರಾದ ಕೆಂಪು ಚಾನೆಲ್ ಒಂದೇ ತುಂಬಿಹೋಗಿ ಮುಖವರ್ಣಿಕೆಯ ಗೆರೆಗಳೆಲ್ಲ ಅಳಿದು ಮುಖ ಒಂದು ಕೆಂಪು ಕಲೆಯಾಗುತ್ತದೆ. ಸಾಮಾನ್ಯ ಲೈಟ್‌ಮೀಟರ್ ಆಗಲೂ ಎಲ್ಲ ಸರಿಯಿದೆಯೆಂದೇ ಹೇಳುತ್ತಿರಬಹುದು. ಪಾತ್ರ ಯಾವ ಕ್ಷಣದಲ್ಲಿ ರಂಗಸ್ಥಳದ ಯಾವ ಮೂಲೆಗೆ ಬರುವುದೆಂದು ಭಾಗವತರ ಪದದಿಂದಲೇ ಊಹಿಸಿ ಮೊದಲೇ ಫ್ರೇಮು ಕಟ್ಟಬೇಕಾಗುತ್ತದೆ. ಇಂತಹ ಒಂದು ರಾತ್ರಿ ಕಲಿಸುವಷ್ಟನ್ನು ಹತ್ತು ವಿಡಿಯೊ ಪಾಠಗಳು ಕಲಿಸಲಾರವು, ಮೇಲಾಗಿ ಭಾಷೆ, ಕಥೆ ಎರಡೂ ನಿಮ್ಮದೇ ಆಗಿರುವುದರಿಂದ ಗಮನ ಪೂರ್ತಿ ಬೆಳಕಿನ ಮೇಲಿರುತ್ತದೆ.

ನಾಲ್ಕನೆಯ ಹಂತ: ಕ್ಯಾಮೆರಾ ವಿಭಾಗದ ಮೆಟ್ಟಿಲುಗಳು

ಕಲಿತು ಬಂದವರಿರಲಿ, ಕಲಿಯದೆ ಬಂದವರಿರಲಿ, ಸೆಟ್ಟಿನಲ್ಲಿ ಏರಬೇಕಾದ ಮೆಟ್ಟಿಲುಗಳು ಬಹುಮಟ್ಟಿಗೆ ಒಂದೇ. ಸಂಸ್ಥೆಯ ಹಿನ್ನೆಲೆ ಇಲ್ಲದವರಿಗೆ ನಾನು ಸೂಚಿಸುವ ಆರಂಭ ಬಾಡಿಗೆ ಕಂಪನಿಯ ಗೋದಾಮು. ಅಲ್ಲಿ ಸಂಬಳ ಕಡಿಮೆ, ಹೊತ್ತು ಹೆಚ್ಚು. ಆದರೆ ಆರಿ ಅಲೆಕ್ಸಾ, ಸೋನಿ ವೆನಿಸ್, ರೆಡ್ ಕ್ಯಾಮೆರಾಗಳೆಲ್ಲವೂ ಕೈಮೇಲೆ ಹಾದುಹೋಗುತ್ತವೆ, ಯಾವ ಲೆನ್ಸಿಗೆ ಯಾವ ಮೌಂಟ್, ಯಾವ ಬ್ಯಾಟರಿ ಎಷ್ಟು ಹೊತ್ತು ಬರುತ್ತದೆ ಎಂಬುದು ತಾನಾಗಿಯೇ ತಲೆಗೆ ಹತ್ತುತ್ತದೆ. ಅಲ್ಲಿಂದ ಸಲಕರಣೆಯೊಂದಿಗೆ ಸೆಟ್ಟಿಗೆ ಹೋಗುವವರೇ ಕ್ಯಾಮೆರಾ ಅಟೆಂಡೆಂಟ್‌ಗಳು. ಹೊಸಬರು ಇವರನ್ನು ಪೆಟ್ಟಿಗೆ ಹೊರುವವರೆಂದು ತಿಳಿಯುತ್ತಾರೆ, ಇಪ್ಪತ್ತು ವರ್ಷ ಅನುಭವವಿರುವ ಅಟೆಂಡೆಂಟ್ ಒಬ್ಬರಿಗೆ ಕೆಲವು ಡಿಒಪಿಗಳಿಗಿಂತ ಚೆನ್ನಾಗಿ ಕ್ಯಾಮೆರಾ ಗೊತ್ತಿರುತ್ತದೆಂಬುದು ನಂತರ ತಿಳಿಯುತ್ತದೆ. ಲೈಟ್‌ಮನ್‌ಗಳನ್ನೂ ಸ್ಪಾಟ್‌ನವರನ್ನೂ ಮುಂಬೈಯ ಸೆಟ್ಟುಗಳಲ್ಲಿ ದಾದಾ ಎಂದೇ ಕರೆಯುವ ರೂಢಿ; ನೀವೂ ಹಾಗೆಯೇ ಕರೆಯಿರಿ.

ಸಹಾಯಕರಾಗಿ ಮೊದಲು ಸಿಗುವುದು ಕ್ಲ್ಯಾಪ್, ಕ್ಯಾಮೆರಾ ರಿಪೋರ್ಟ್ ಮತ್ತು ಕಾರ್ಡುಗಳ ಹೊಣೆ. ಚಿತ್ರೀಕರಣವಾದ ಕಾರ್ಡಿಗೆ ಕೆಂಪು ಟೇಪ್ ಅಂಟಿಸಿ ಪ್ರತ್ಯೇಕ ಪೆಟ್ಟಿಗೆಯಲ್ಲಿಡುವುದು, ಕನಿಷ್ಠ ಎರಡು ಡ್ರೈವ್‌ಗಳಿಗೆ ಚೆಕ್‌ಸಮ್ ಪರಿಶೀಲನೆಯೊಂದಿಗೆ (ನಕಲು ಮೂಲದಂತೆಯೇ ಇದೆಯೇ ಎಂದು ಕಂಪ್ಯೂಟರಿನಲ್ಲಿ ತಾಳೆನೋಡಿ) ನಕಲಾಗಿ, ಡೇಟಾ ನೋಡಿಕೊಳ್ಳುವವರು ಸ್ಪಷ್ಟವಾಗಿ ಒಪ್ಪಿಗೆ ಕೊಡುವವರೆಗೆ ಆ ಕಾರ್ಡನ್ನು ಫಾರ್ಮ್ಯಾಟ್ ಮಾಡದಿರುವುದು ಇಲ್ಲಿನ ಅಲುಗಾಡದ ನಿಯಮ. ನಿರ್ಮಾಣ ವಿಭಾಗದವರು ಎಷ್ಟೇ ಅವಸರ ಮಾಡಿದರೂ ಇದರಲ್ಲಿ ರಾಜಿ ಇಲ್ಲ, ಏಕೆಂದರೆ ಒಂದು ದಿನದ ಚಿತ್ರೀಕರಣ ಅಳಿಸಿಹೋದರೆ ಅವಸರ ಮಾಡಿದವರ ಹೆಸರನ್ನು ಆಮೇಲೆ ಯಾರೂ ಕೇಳುವುದಿಲ್ಲ.

ಮುಂದಿನ ಮೆಟ್ಟಿಲು ಫೋಕಸ್ ಪುಲ್ಲರ್, ಅಂದರೆ ಶಾಟ್ ನಡೆಯುವಾಗ ಲೆನ್ಸಿನ ಫೋಕಸ್ ಹೊಂದಿಸುವವರು. ಸೂಪರ್ 35 ಅಳತೆಯ ಸೆನ್ಸರಿನ ಮುಂದೆ 85 ಎಂಎಂ ಲೆನ್ಸನ್ನು ಟಿ2ಕ್ಕೆ, ಅಂದರೆ ಸಾಕಷ್ಟು ಅಗಲವಾಗಿ, ತೆರೆದು 2 ಮೀಟರ್ ದೂರದ ಮುಖವನ್ನು ಚಿತ್ರಿಸಿದರೆ ಸ್ಪಷ್ಟವಾಗಿ ಕಾಣುವ ವಲಯ ಸುಮಾರು 5 ಸೆಂಟಿಮೀಟರ್ ಮಾತ್ರ: ಕಣ್ಣು ಸ್ಪಷ್ಟವಿದ್ದರೆ ಕಿವಿ ಮಸುಕು. ನಟ ಮಾತಿನ ನಡುವೆ ಸ್ವಲ್ಪ ಮುಂದೆ ಬಾಗಿದರೂ ಆ ಬಾಗುವಿಕೆಯನ್ನು ಕೈ ಮೊದಲೇ ಊಹಿಸಿರಬೇಕು. ಹೀಗಾಗಿ ಒಳ್ಳೆಯ ಫೋಕಸ್ ಪುಲ್ಲರ್‌ಗಳು ರಿಹರ್ಸಲ್ ಸಮಯದಲ್ಲಿ ಮಾನಿಟರ್ ನೋಡುವುದಕ್ಕಿಂತ ನಟರ ಪಾದಗಳನ್ನು, ಉಸಿರನ್ನು ಗಮನಿಸುತ್ತಿರುತ್ತಾರೆ. ಈ ಕೆಲಸವನ್ನೇ ಜೀವಮಾನದ ವೃತ್ತಿಯಾಗಿಸಿಕೊಂಡು ಗೌರವದಿಂದ ಬಾಳಿದವರಿದ್ದಾರೆ. ಎಲ್ಲರೂ ಡಿಒಪಿ ಆಗಲೇಬೇಕೆಂಬ ನಿಯಮವಿಲ್ಲ. ಆಮೇಲಿನದು ಆಪರೇಟರ್ (ಕ್ಯಾಮೆರಾ ನಡೆಸುವವರು), ಅಸೋಸಿಯೇಟ್ (ಡಿಒಪಿಯ ಹಿರಿಯ ಸಹಾಯಕರು) ಸ್ಥಾನಗಳು. ಗುರುವಿನ ಒಂದು ಶಾಟನ್ನು ನೀವು ಎರಡನೆಯ ಯೂನಿಟ್‌ನಲ್ಲಿ (ಮುಖ್ಯ ತಂಡದಿಂದ ಬೇರೆಯಾಗಿ ಚಿತ್ರೀಕರಿಸುವ ತಂಡದಲ್ಲಿ) ತೆಗೆದುಕೊಟ್ಟಾಗ ಯಾರು ತೆಗೆದದ್ದೆಂದು ಗೊತ್ತಾಗದಂತಿದ್ದರೆ ನೀವು ಆ ಸ್ಥಾನಕ್ಕೆ ಸಿದ್ಧರಾಗಿದ್ದೀರಿ.

ಇಷ್ಟು ಮೆಟ್ಟಿಲು ಏರಲು ಎಷ್ಟು ವರ್ಷ ಬೇಕೆಂದು ಎಲ್ಲರೂ ಕೇಳುತ್ತಾರೆ, ಒಬ್ಬರಿಗೊಂದು ಲೆಕ್ಕ. ಆದರೆ ಒಂದೇ ಡಿಒಪಿಯ ಬಳಿ ಐದಾರು ವರ್ಷಕ್ಕಿಂತ ಹೆಚ್ಚು ಉಳಿದರೆ ಅವರ ರುಚಿಯೇ ನಿಮ್ಮ ರುಚಿಯೆಂದು ಭ್ರಮಿಸುವ ಅಪಾಯವಿದೆ. ಇಬ್ಬರು, ಮೂವರ ಬಳಿ ಕೆಲಸ ಮಾಡಿ. ಬಿಡುವಾಗ ಮುಂಚಿತವಾಗಿ ತಿಳಿಸಿ, ನಿಮ್ಮ ಜಾಗಕ್ಕೆ ಒಬ್ಬರನ್ನು ಹೊಂದಿಸಿಕೊಟ್ಟು ಬಿಡಿ. ಮುಂಬೈ ಇಷ್ಟು ದೊಡ್ಡ ಊರಾದರೂ ಕ್ಯಾಮೆರಾ ವಿಭಾಗ ಹಳ್ಳಿಯಷ್ಟೇ ಚಿಕ್ಕದು.

ಸೆಟ್ಟುಗಳಿರುವ ಜಾಗದ ವಿಚಾರ ಒಂದು ಮಾತಿನಲ್ಲಿ ಹೇಳಬೇಕು. ಫಿಲ್ಮ್‌ಸಿಟಿ ಗೋರೆಗಾಂವ್ ಪೂರ್ವದಲ್ಲಿದೆ, ಧಾರಾವಾಹಿಗಳ ಸೆಟ್ಟುಗಳು ಮೀರಾರೋಡ್, ನಾಯಗಾಂವ್ ಕಡೆಗೂ ಹಬ್ಬಿವೆ, ಮಢ್‌ನ ಬಂಗಲೆಗಳಲ್ಲಿಯೂ ಚಿತ್ರೀಕರಣ ನಡೆಯುತ್ತದೆ. ಡೊಂಬಿವಿಲಿಯ ಮನೆಯಿಂದ ಬೆಳಗಿನ ಏಳರ ಕಾಲ್‌ಟೈಮಿಗೆ ಅಲ್ಲಿಗೆ ತಲುಪುವುದು ಕೆಲವು ದಿನ ಸಾಧ್ಯ, ತಿಂಗಳುಗಟ್ಟಲೆ ಅಲ್ಲ. ಮೊದಲ ವರ್ಷಗಳಲ್ಲಿ ಮಾಲಾಡ್, ಕಾಂದಿವಲಿ ಕಡೆ ಗೆಳೆಯರೊಂದಿಗೆ ಕೋಣೆ ಹಂಚಿಕೊಳ್ಳುವುದು ಖರ್ಚಲ್ಲ, ಉಳಿತಾಯ. ತಡರಾತ್ರಿ ಪ್ಯಾಕಪ್ ಆದಾಗ ಮನೆಗೆ ಬಿಡುವ ವಾಹನದ ವ್ಯವಸ್ಥೆ ಇದೆಯೇ ಎಂದು ಕೆಲಸ ಒಪ್ಪುವಾಗಲೇ ಕೇಳಿ. ಹೆಣ್ಣುಮಕ್ಕಳು ಕೇಳಲು ಸಂಕೋಚಪಡಬಾರದು. ಇಂಡಿಯನ್ ವಿಮೆನ್ ಸಿನೆಮಟೋಗ್ರಾಫರ್ಸ್ ಕಲೆಕ್ಟಿವ್ ಎಂಬ ಮಹಿಳಾ ಛಾಯಾಗ್ರಾಹಕರ ಬಳಗವಿದೆ, ಹೊಸದಾಗಿ ಬರುವವರು ಅದರ ಸಂಪರ್ಕದಲ್ಲಿರುವುದು ಒಳಿತು.

ಐದನೆಯ ಹಂತ: ಸಂಘದ ಕಾರ್ಡು

ಮುಂಬೈಯ ಛಾಯಾಗ್ರಾಹಕರ ಸಂಘ ವೆಸ್ಟರ್ನ್ ಇಂಡಿಯಾ ಸಿನೆಮಟೋಗ್ರಾಫರ್ಸ್ ಅಸೋಸಿಯೇಷನ್. ಬೇರೆ ಬೇರೆ ವಿಭಾಗಗಳ ಸಂಘಗಳು ಸೇರಿದ ಒಕ್ಕೂಟ ಎಫ್‌ಡಬ್ಲ್ಯುಐಸಿಇ. ಸಹಾಯಕರಿಗೂ ಸ್ವತಂತ್ರ ಛಾಯಾಗ್ರಾಹಕರಿಗೂ ಸದಸ್ಯತ್ವದ ನಿಯಮಗಳು ಬೇರೆಬೇರೆ, ಶುಲ್ಕ ಕಾಲಕಾಲಕ್ಕೆ ಬದಲಾಗುತ್ತದೆ. ಸಂಘದ ಕಚೇರಿಗೆ ಖುದ್ದಾಗಿ ಹೋಗಿ ವಿಚಾರಿಸಿ. ಹಣ ಬಾಕಿ ಉಳಿದಾಗ ದೂರು ಕೊಡಲು ಒಂದು ಬಾಗಿಲು ಇರುತ್ತದೆಂಬುದೇ ಕಾರ್ಡಿನ ದೊಡ್ಡ ಪ್ರಯೋಜನ. ಕಾರ್ಡು ಮಾಡಿಸಿಕೊಡುತ್ತೇನೆ, ದೊಡ್ಡ ಚಿತ್ರದಲ್ಲಿ ಸೇರಿಸುತ್ತೇನೆ ಎಂದು ಮುಂಗಡ ಕೇಳುವ ಮಧ್ಯವರ್ತಿಗೆ ಒಂದು ರೂಪಾಯಿಯನ್ನೂ ಕೊಡಬೇಡಿ.

ಆರನೆಯ ಹಂತ: ಧಾರಾವಾಹಿಯ ಕೆಲಸ ಬಂದರೆ

ಸ್ವತಂತ್ರವಾಗಿ ಕೆಲಸ ಮಾಡುವ ಮೊದಲ ಅವಕಾಶ ಅನೇಕರಿಗೆ ಟೆಲಿವಿಷನ್‌ನಿಂದ ಬರುತ್ತದೆ. ಸಿನಿಮಾದವರು ಅದನ್ನು ಕೊಂಚ ಕೆಳಗಿಟ್ಟು ಮಾತನಾಡುವುದುಂಟು. ಆ ಮಾತನ್ನು ಒಪ್ಪಲು ನಾನು ಸಿದ್ಧನಿಲ್ಲ. ಅರ್ಧ ಗಂಟೆಯ ಕಂತಿಗೆ ಜಾಹೀರಾತು ಬಿಟ್ಟು ಇಪ್ಪತ್ತು ನಿಮಿಷಕ್ಕೂ ಮೇಲ್ಪಟ್ಟ ಚಿತ್ರಿಕೆ ಬೇಕು, ವಾರದಲ್ಲಿ ಐದೋ ಆರೋ ಕಂತು ಪ್ರಸಾರವಾಗಬೇಕು, ಬ್ಯಾಂಕ್ ಎಂದು ಕರೆಯುವ ಮುಂಗಡ ಕಂತುಗಳ ದಾಸ್ತಾನು ಕರಗುತ್ತಾ ಬಂದಂತೆ ಶಿಫ್ಟುಗಳು ಉದ್ದವಾಗುತ್ತವೆ. ಮೂರು ಕ್ಯಾಮೆರಾಗಳು ಒಟ್ಟಿಗೆ ಓಡುವಾಗ ಒಬ್ಬರಿಗೆ ಹಾಕಿದ ಮುಖ್ಯ ಬೆಳಕು ಎದುರಿನವರಿಗೆ ಹಿಂಬೆಳಕಾಗುವಂತೆ ಯೋಜಿಸಬೇಕು, ಇಲ್ಲವಾದರೆ ಎಲ್ಲ ಮುಖಗಳೂ ಚಪ್ಪಟೆಯಾಗುತ್ತವೆ.

ಇಲ್ಲಿ ಉಪಯೋಗಕ್ಕೆ ಬರುವ ಕ್ರಮ ಹೀಗಿದೆ. ಸೆಟ್ಟು ಕಟ್ಟುವಾಗಲೇ ಕಲಾ ನಿರ್ದೇಶಕರ ಜೊತೆ ಕೂತು ಕಿಟಕಿಗಳ ದಿಕ್ಕು ನಿರ್ಧರಿಸಿ, ಹಗಲು, ಸಂಜೆ, ರಾತ್ರಿ ಮೂರಕ್ಕೂ ಮೇಲಿನ ಗ್ರಿಡ್ಡಿನ ದೀಪಗಳನ್ನು ಪ್ರತ್ಯೇಕ ಸ್ವಿಚ್ಚುಗಳಾಗಿ ವಿಂಗಡಿಸಿ, ಪ್ರತಿ ಕೋಣೆಯ ನಕ್ಷೆಯಲ್ಲಿ ದೀಪದ ಜಾಗ, ಎತ್ತರ, ಬಣ್ಣದ ತಾಪಮಾನ ಗುರುತಿಸಿ ಒಂದು ಕಡತ ಮಾಡಿಡಿ. ಟಂಗ್‌ಸ್ಟನ್‌ನ 3200 ಕೆಲ್ವಿನ್ ಮತ್ತು ಹಗಲಿನ 5600 ಕೆಲ್ವಿನ್‌ಗಳ ನಡುವೆ ಕ್ಯಾಮೆರಾವನ್ನು ಎಲ್ಲಿ ನಿಲ್ಲಿಸಿದ್ದಿರೆಂಬುದನ್ನೂ ಅದರಲ್ಲಿ ಬರೆಯಿರಿ. ಮೂರು ತಿಂಗಳ ಬಳಿಕ ಅದೇ ದೃಶ್ಯದ ಮುಂದುವರಿಕೆ ಬಂದಾಗ, ಅಥವಾ ಎರಡನೆಯ ಯೂನಿಟ್‌ನವರು ಬೇರೆ ಸಹಾಯಕರೊಂದಿಗೆ ಚಿತ್ರೀಕರಿಸಬೇಕಾದಾಗ ಈ ಕಡತವೇ ಕಾಪಾಡುತ್ತದೆ. ಚಾನೆಲ್ಲಿನ ಕ್ರಿಯೇಟಿವ್ ತಂಡದವರು ಮುಖ ಇನ್ನಷ್ಟು ಬೆಳಗಲಿ ಎನ್ನುತ್ತಲೇ ಇರುತ್ತಾರೆ. ಅವರ ಮಾತಿಗೂ ಕಾರಣವಿದೆ, ಏಕೆಂದರೆ ಪ್ರೇಕ್ಷಕರು ಹಗಲು ಹೊತ್ತಿನ ಬೆಳಕಿರುವ ಕೋಣೆಯಲ್ಲಿ ಸಾಧಾರಣ ಟಿವಿಯಲ್ಲಿ ನೋಡುತ್ತಾರೆ. ವಾದಿಸುವ ಬದಲು ಅದೇ ಬಗೆಯ ಒಂದು ಟಿವಿಯನ್ನು ಮಾನಿಟರ್ ಪಕ್ಕದಲ್ಲಿಟ್ಟುಕೊಂಡರೆ ಚರ್ಚೆ ಬೇಗ ಮುಗಿಯುತ್ತದೆ.

ಧಾರಾವಾಹಿ ವೇಗವನ್ನು ಕಲಿಸುತ್ತದೆ, ತಿಂಗಳ ಆದಾಯಕ್ಕೆ ಒಂದು ಸ್ಥಿರತೆ ಕೊಡುತ್ತದೆ. ಆದರೆ ಎರಡು ಮೂರು ವರ್ಷ ಬಿಡುವಿಲ್ಲದೆ ಅದನ್ನೇ ಮಾಡಿದರೆ ಕಣ್ಣು ಒಂದೇ ಪರಿಹಾರಕ್ಕೆ ಒಗ್ಗಿಹೋಗುತ್ತದೆ. ನಡುವೆ ಒಂದು ಕಿರುಚಿತ್ರ, ಒಂದು ಸಾಕ್ಷ್ಯಚಿತ್ರಕ್ಕೆ ಹದಿನೈದು ದಿನ ಬಿಡಿಸಿಕೊಳ್ಳಿ.

ಏಳನೆಯ ಹಂತ: ಈ ಕರಾವಳಿಯ ಬಿಸಿಲು, ಮಳೆ

ಮುಂಬೈ ಸುಮಾರು 19 ಡಿಗ್ರಿ ಉತ್ತರ ಅಕ್ಷಾಂಶದಲ್ಲಿರುವುದರಿಂದ ಮೇ ತಿಂಗಳ ನಡುಭಾಗದಲ್ಲಿ ಮತ್ತು ಜುಲೈ ಕೊನೆಯಲ್ಲಿ ನಡುಹಗಲ ಸೂರ್ಯ ನೆತ್ತಿಯ ಮೇಲಿರುತ್ತಾನೆ. ಜುಲೈಯಲ್ಲಿ ಮೋಡವಿರುವುದರಿಂದ ತೊಂದರೆಯಿಲ್ಲ. ಮೇ ತಿಂಗಳಲ್ಲಿ ಮಾತ್ರ ಹತ್ತೂವರೆಯಿಂದ ಮೂರರವರೆಗೆ ಬಯಲಲ್ಲಿ ನಿಂತವರ ಕಣ್ಣುಗುಳಿಗಳು ಕಪ್ಪಾಗುತ್ತವೆ. ಕ್ಲೋಸಪ್‌ಗಳನ್ನು ಬೆಳಿಗ್ಗೆ ಮುಗಿಸಿ, ನಡುಹಗಲಲ್ಲಿ ಒಳಾಂಗಣ ಅಥವಾ ಮರದಡಿಯ ದೃಶ್ಯಗಳನ್ನು ಇಡುವಂತೆ ಸಹಾಯಕ ನಿರ್ದೇಶಕರಿಗೆ ವೇಳಾಪಟ್ಟಿ ತಯಾರಾಗುವ ಮೊದಲೇ ಹೇಳಬೇಕು. ಕಾಲ್‌ಶೀಟ್ ಹೊರಬಿದ್ದ ಮೇಲೆ ಹೇಳಿದರೆ ಅದು ದೂರು ಎನಿಸುತ್ತದೆ. ಮಳೆಗಾಲದಲ್ಲಿ ಎಸಿ ಕೋಣೆಯಿಂದ ತಂದ ಲೆನ್ಸ್ ಹೊರಗೆ ಬಂದೊಡನೆ ಮಂಜುಗಟ್ಟುತ್ತದೆ, ಆದ್ದರಿಂದ ಪೆಟ್ಟಿಗೆ ಮುಚ್ಚಿದ ಹಾಗೆಯೇ ಅರ್ಧ ಗಂಟೆ ಮೊದಲು ಹೊರಗಿಡಿ. ಸಿಲಿಕಾ ಜೆಲ್ ಪೊಟ್ಟಣಗಳನ್ನು ಬದಲಿಸುತ್ತಿರದಿದ್ದರೆ ಲೆನ್ಸಿನೊಳಗೆ ಶಿಲೀಂಧ್ರ ಬೆಳೆಯುತ್ತದೆ. ಮಳೆಯ ಹನಿ ಚಿತ್ರದಲ್ಲಿ ಕಾಣಬೇಕಾದರೆ ಬೆಳಕು ಹಿಂದಿನಿಂದ ಬರಬೇಕು, ಹಿನ್ನೆಲೆ ಗಾಢವಾಗಿರಬೇಕು; ಎದುರಿನಿಂದ ಬೆಳಕು ಹಾಕಿದರೆ ಎಷ್ಟೇ ಜೋರು ಮಳೆಯೂ ಮಾಯವಾಗುತ್ತದೆ.

ಡ್ರೋನ್ ಶಾಟ್‌ಗಳ ಬೇಡಿಕೆ ಬಂದಾಗ ಪರವಾನಗಿ ಇರುವ ಪೈಲಟ್ ಮತ್ತು ಅನುಮತಿ ಎರಡೂ ಕಾಗದದಲ್ಲಿದ್ದರೆ ಮಾತ್ರ ಒಪ್ಪಿ. ಮುಂಬೈಯಲ್ಲಿ ಪೊಲೀಸರು ಆಗಾಗ ನಿಷೇಧಾಜ್ಞೆ ಹೊರಡಿಸುತ್ತಾರೆ, ಗೋವಾದಲ್ಲಿಯೂ ನೌಕಾಪಡೆಯ ನೆಲೆಗಳ ಸುತ್ತ ಹಾರಾಟಕ್ಕೆ ನಿರ್ಬಂಧವಿದೆ. ಗೋವಾದ ಮಾತು ಬಂತು: 2004ರಿಂದ ಭಾರತದ ಅಂತರರಾಷ್ಟ್ರೀಯ ಚಲನಚಿತ್ರೋತ್ಸವ ಪಣಜಿಯಲ್ಲಿ ಸಾಮಾನ್ಯವಾಗಿ ನವೆಂಬರ್ ತಿಂಗಳಲ್ಲಿ ನಡೆಯುತ್ತಾ ಬಂದಿದೆ. 2021ರಿಂದ ಆರಂಭವಾದ ಅದರ ಯುವ ಪ್ರತಿಭೆಗಳ ಯೋಜನೆಯಲ್ಲಿ ಛಾಯಾಗ್ರಹಣಕ್ಕೂ ಅರ್ಜಿ ಹಾಕಬಹುದು. ಆಯ್ಕೆಯಾಗದಿದ್ದರೂ ಪ್ರತಿನಿಧಿಯಾಗಿ ಹೆಸರು ನೋಂದಾಯಿಸಿ ಹೋಗಿ, ನಿಮ್ಮ ವಯಸ್ಸಿನ ನಿರ್ದೇಶಕರನ್ನು ಸರತಿ ಸಾಲುಗಳಲ್ಲಿ ಪರಿಚಯ ಮಾಡಿಕೊಳ್ಳಿ. ಹೆಸರಾದವರ ಹಿಂದೆ ಓಡುವುದರಿಂದ ಕೆಲಸ ಸಿಕ್ಕಿದ್ದು ನಾನು ಕಂಡಿಲ್ಲ.

ಎಂಟನೆಯ ಹಂತ: ಶೋರೀಲ್, ಹಣ ಮತ್ತು ಮೊದಲ ಒಪ್ಪಂದ

ನಿಮ್ಮ ಕೆಲಸದ ಮಾದರಿಗಳನ್ನು ಜೋಡಿಸಿದ ಶೋರೀಲ್ ಎರಡು ನಿಮಿಷ ಮೀರದಿರಲಿ. ಸೂರ್ಯಾಸ್ತ, ಡ್ರೋನ್, ನಿಧಾನಗತಿಯ ನಡಿಗೆ ಎಲ್ಲರ ಬಳಿಯೂ ಇರುತ್ತದೆ. ಒಂದು ಸಾಧಾರಣ ಕೋಣೆಯಲ್ಲಿ ಇಬ್ಬರು ಕೂತು ಮಾತನಾಡುವ ಪೂರ್ತಿ ದೃಶ್ಯವೊಂದನ್ನು ಅದರ ಜೊತೆ ಬೇರೆಯಾಗಿ ಕಳುಹಿಸಿ. ಶಾಟ್‌ನಿಂದ ಶಾಟ್‌ಗೆ ಬೆಳಕು ಕೂಡಿಬರುತ್ತದೆಯೇ ಎಂದು ತಿಳಿದ ನಿರ್ದೇಶಕರು ನೋಡುವುದು ಅದನ್ನೇ. ಸಹಾಯಕರಾಗಿ ಕೆಲಸ ಮಾಡಿದ ಚಿತ್ರದ ಶಾಟ್‌ಗಳನ್ನು ನಿಮ್ಮದೆಂದು ರೀಲಿಗೆ ಸೇರಿಸಬೇಡಿ.

ಹಣದ ವಿಷಯದಲ್ಲಿ ನಮ್ಮವರು ಬಾಯಿಬಿಡಲು ನಾಚುತ್ತಾರೆ. ಕೆಲಸ ಒಪ್ಪುವ ಮುನ್ನ ದಿನದ ದರ, ಶಿಫ್ಟಿನ ಗಂಟೆಗಳು, ಮೀರಿದರೆ ಹೆಚ್ಚುವರಿ ಎಷ್ಟು, ರೆಕ್ಕಿ ಮತ್ತು ಪ್ರಯಾಣದ ದಿನಗಳಿಗೆ ಸಂಭಾವನೆ ಇದೆಯೇ, ಹಣ ಎಷ್ಟು ದಿನಕ್ಕೆ ಸೇರುತ್ತದೆ, ಸಲಕರಣೆ ಒಡೆದರೆ ವಿಮೆ ಯಾರದ್ದು ಎಂಬಿಷ್ಟನ್ನು ಇಮೇಲ್‌ನಲ್ಲಿ ಬರೆದು ಒಪ್ಪಿಗೆ ಪಡೆಯಿರಿ. ಫೋನಿನಲ್ಲಿ ಮಾತಾದರೂ ಅದೇ ದಿನ ಅದನ್ನು ಬರಹದಲ್ಲಿ ಕಳುಹಿಸಿ. ಟೆಲಿವಿಷನ್‌ನಲ್ಲಿ ತಿಂಗಳ ದುಡಿಮೆಗೆ 90 ದಿನಗಳ ನಂತರ ಹಣ ಕೊಡುವ ಪದ್ಧತಿ ಬಹಳ ಕಾಲದಿಂದ ಇದೆ, ಆದ್ದರಿಂದ ಮೊದಲ ಧಾರಾವಾಹಿಗೆ ಸಹಿ ಹಾಕುವಾಗ ನಾಲ್ಕು ತಿಂಗಳ ಮನೆಖರ್ಚು ಕೈಯಲ್ಲಿರಬೇಕು. ಸಂಭಾವನೆಯಿಂದ ಸಾಮಾನ್ಯವಾಗಿ ಶೇ 10ರಷ್ಟು ಟಿಡಿಎಸ್ (ಕೊಡುವವರೇ ಮೊದಲು ಹಿಡಿದುಕೊಳ್ಳುವ ಆದಾಯ ತೆರಿಗೆ) ಮುರಿಯಲಾಗುತ್ತದೆ. ರಿಟರ್ನ್ ಸಲ್ಲಿಸದೆ ಅದನ್ನು ಹಾಗೆಯೇ ಬಿಟ್ಟುಬಿಡುವ ಸಹಾಯಕರು ತುಂಬ ಜನ. ವರ್ಷದ ವಹಿವಾಟು 20 ಲಕ್ಷ ರೂಪಾಯಿ ದಾಟಿದರೆ ಜಿಎಸ್‌ಟಿ ನೋಂದಣಿ ಬೇಕಾಗುತ್ತದೆ, ಆ ಹೊತ್ತಿಗೆ ಒಬ್ಬ ಲೆಕ್ಕಪರಿಶೋಧಕರನ್ನು ಗೊತ್ತುಮಾಡಿಕೊಳ್ಳಿ. ಆರೋಗ್ಯ ವಿಮೆ ಮತ್ತು ಅಪಘಾತ ವಿಮೆಯನ್ನು ಮೊದಲ ವರ್ಷದಿಂದಲೇ ಸ್ವಂತ ಖರ್ಚಿನಲ್ಲಿ ಮಾಡಿಸಿ. ಎತ್ತರದ ಅಟ್ಟ, ಒದ್ದೆ ನೆಲದ ಮೇಲಿನ ಕೇಬಲ್, ನಿದ್ದೆಗೆಟ್ಟು ವಾಹನ ಓಡಿಸುವ ಚಾಲಕರು ಈ ವೃತ್ತಿಯ ದಿನನಿತ್ಯದ ಸಂಗತಿಗಳು.

ಮೊದಲ ಸ್ವತಂತ್ರ ಚಿತ್ರದ ಒಪ್ಪಂದದಲ್ಲಿ ಬಿಟ್ಟುಹೋಗುವ ಅಂಶ ಡಿಐ. ಚಿತ್ರೀಕರಣ ಮುಗಿದ ಆರೆಂಟು ತಿಂಗಳ ನಂತರ ಬಣ್ಣ ಹೊಂದಿಸುವ ಕೆಲಸ ಬರುವಾಗ ನೀವು ಬೇರೆ ಊರಿನಲ್ಲಿ ಬೇರೆ ಕೆಲಸದಲ್ಲಿರುತ್ತೀರಿ, ನಿರ್ಮಾಪಕರು ಕಾಯುವುದಿಲ್ಲ, ನೀವು ಮುಸ್ಸಂಜೆಯೆಂದು ಚಿತ್ರೀಕರಿಸಿದ ದೃಶ್ಯ ಹಗಲಾಗಿ ತೆರೆಗೆ ಬರುತ್ತದೆ. ಆದ್ದರಿಂದ ಡಿಐಗೆ ಎಷ್ಟು ದಿನ, ಯಾವ ದರಕ್ಕೆ, ಎಷ್ಟು ಮುಂಚಿತವಾಗಿ ತಿಳಿಸಬೇಕು ಎಂಬುದನ್ನು ಒಪ್ಪಂದದಲ್ಲಿಯೇ ಬರೆಸಿಕೊಳ್ಳಿ. ಚಿತ್ರೀಕರಣದ ಸಮಯದಲ್ಲಿ ಪ್ರತಿ ದೃಶ್ಯದ ಒಂದು ಸ್ಥಿರಚಿತ್ರವನ್ನು ನಿಮಗೆ ಬೇಕಾದ ಬಣ್ಣಕ್ಕೆ ತಂದು, ದೃಶ್ಯದ ಸಂಖ್ಯೆ ಮತ್ತು ಬಳಸಿದ ಲಟ್‌ನ (ಬಣ್ಣ ಹೊಂದಿಸುವ ಕಡತದ) ಹೆಸರಿನೊಂದಿಗೆ ಜೋಪಾನವಾಗಿಡಿ. ನೀವು ಹೋಗಲಾಗದಿದ್ದ ದಿನ ನಿಮ್ಮ ಅಸೋಸಿಯೇಟ್ ಆ ಚಿತ್ರಗಳನ್ನು ಹಿಡಿದುಕೊಂಡು ಕಲರಿಸ್ಟ್ ಪಕ್ಕ ಕೂರಬಹುದು.